ಮೈಸೂರಿನಲ್ಲಿ ಯವನಭಾಷೆಯ ಜಾಡು

ಮೈಸೂರಿಗೆ ಬರುವ ಯಾತ್ರಿಕರು ಅರಮನೆಯನ್ನೂ ಚಾಮುಂಡಿಬೆಟ್ಟವನ್ನೂ ನೋಡಿ, ಸಂಜೆಗೆ ಕೃಷ್ಣರಾಜಸಾಗರವನ್ನು ಸುತ್ತಿ ತೃಪ್ತರಾಗಿ ಹಿಂದಿರುಗುವುದು ವಾಡಿಕೆ. ಒಂದು ಭಾಷೆಯ ಜಾಡನ್ನರಸುತ್ತ ಈ ನಗರದ ಬೀದಿಗಳಲ್ಲಿ ನಡೆಯುವವರು ವಿರಳ. ನಾವು ಹಾಗೆ ನಡೆದು ಕಂಡುದನ್ನು ವಾಚಕರಲ್ಲಿ ಅರಿಕೆಮಾಡುತ್ತೇವೆ.

ಅಶೋಕ ರಸ್ತೆಯಲ್ಲಿ ಸಂತ ಫಿಲೋಮಿನಾ ಇಗರ್ಜಿಯ ಅವಳಿ ಗೋಪುರಗಳು 175 ಅಡಿ ಎತ್ತರಕ್ಕೆ ನಿಂತಿವೆ. ಮುಮ್ಮಡಿ ಕೃಷ್ಣರಾಜ ಒಡೆಯರವರ ಕಾಲದಲ್ಲಿ, 1843ರಲ್ಲಿ, ಇಲ್ಲಿ ಚಿಕ್ಕದೊಂದು ಇಗರ್ಜಿ ಎದ್ದಿತು. ಈಗಿನ ಭವ್ಯ ಮಂದಿರಕ್ಕೆ ನಾಲ್ವಡಿಯವರು 1933ರಲ್ಲಿ ಅಸ್ತಿಭಾರವನ್ನಿಟ್ಟರು. ಫಿಲೋಮಿನಾ ಎಂಬ ಹೆಸರನ್ನು ಗ್ರೀಕ್ ಶಬ್ದವೆಂದೆಣಿಸಿದರೆ ‘ಪ್ರೀತಿಪಾತ್ರಳು’ ಎಂದು ಅರ್ಥವಾಗುತ್ತದೆ. ಇಲ್ಲಿ ಕನ್ನಡದಲ್ಲಿ ಕೇಳಿಬರುವ ಸುವಾರ್ತೆಗಳ ಮೂಲವೂ ಆ ಭಾಷೆಯೇ. ಆದರೆ ಅದು ಪ್ಲೇಟೋ ಮಹಾಶಯನ ಪ್ರೌಢ ಗ್ರೀಕ್ ಅಲ್ಲ. ಸಂತೆಬೀದಿಗಳಲ್ಲಿಯೂ ಬಂದರುಗಳಲ್ಲಿಯೂ ಜನಸಾಮಾನ್ಯರಾಡುತ್ತಿದ್ದ ನುಡಿ.

ಮೂಲದಲ್ಲಿ ಓದುವುದರಿಂದ ಆಗುವ ಲಾಭವೇನೆಂದು ಕೇಳುವವರಿಗೆ ಒಂದೇ ನಿದರ್ಶನ ಸಾಕು. ಯೋಹಾನನ ಸುವಾರ್ತೆಯ 3ನೆಯ ಅಧ್ಯಾಯದಲ್ಲಿ ನಿಕೊದೇಮನೆಂಬ ಪಂಡಿತನು ಇರುಳಿನಲ್ಲಿ ಯೇಸುವಿನ ಬಳಿಗೆ ಬರುತ್ತಾನೆ. ಮನುಷ್ಯನು ‘ಅನೋಥೆನ್’ ಹುಟ್ಟಬೇಕೆಂದು ಯೇಸು ನುಡಿಯುತ್ತಾನೆ. ಈ ಪದಕ್ಕೆ ‘ಮತ್ತೆ’ ಎಂದೂ ಅರ್ಥವುಂಟು, ‘ಮೇಲಿನಿಂದ’ ಎಂದೂ ಅರ್ಥವುಂಟು. ಪಂಡಿತನು ಮೊದಲ ಅರ್ಥವನ್ನೇ ಹಿಡಿದು, ಮುದುಕನು ಮತ್ತೆ ತಾಯ ಗರ್ಭವನ್ನು ಹೊಗುವುದೆಂತೆಂದು ಬೆರಗಾಗುತ್ತಾನೆ. ಮುಂದೆ ಬರುವ ‘ಪ್ನ್ಯೂಮ’ ಎಂಬ ಶಬ್ದವೂ ಗಾಳಿಯನ್ನೂ ಆತ್ಮವನ್ನೂ ಏಕಕಾಲಕ್ಕೆ ಸೂಚಿಸುತ್ತದೆ. ಜೈಮಿನಿ ಭಾರತವನ್ನೋದಿದ ನಮ್ಮವರಿಗೆ ಶ್ಲೇಷೆಯು ಹೊಸತಲ್ಲ. ಆದರೆ ಶ್ಲೇಷೆಯನ್ನು ಭಾಷಾಂತರಿಸುವವನ ಪಾಡು ಕಷ್ಟ, ಎರಡರಲ್ಲೊಂದನ್ನು ಬಿಡಲೇಬೇಕು. 19ನೆಯ ಶತಮಾನದ ಆದಿಯಲ್ಲಿ ಬಳ್ಳಾರಿಯಲ್ಲಿ ಕುಳಿತು ಬೈಬಲನ್ನು ಕನ್ನಡಿಸಿದ ಜಾನ್ ಹ್ಯಾಂಡ್ಸರಿಗೂ, ಅವರ ತರುವಾಯ ತಿದ್ದಿದವರಿಗೂ ಈ ಇಕ್ಕಟ್ಟು ತಪ್ಪಿದ್ದಲ್ಲ.

ಅಲ್ಲಿಂದ ನಾವು ಪ್ರಾಚ್ಯವಿದ್ಯಾ ಸಂಶೋಧನಾಲಯಕ್ಕೆ ಬಂದೆವು. 1891ರಲ್ಲಿ ಸ್ಥಾಪಿತವಾದ ಈ ಭಂಡಾರವು ಕೌಟಿಲ್ಯನ ಅರ್ಥಶಾಸ್ತ್ರವನ್ನು ಲೋಕಕ್ಕೆ ಮರಳಿ ಕೊಟ್ಟಿತು. ಓಲೆಗರಿಯ ಆ ಗ್ರಂಥವನ್ನು ಗುರುತಿಸಿ 1909ರಲ್ಲಿ ಅಚ್ಚುಮಾಡಿಸಿದವರು ಆರ್. ಶಾಮಶಾಸ್ತ್ರಿಗಳು. ಅದೇ ಶಾಸ್ತ್ರಿಗಳ ದೃಷ್ಟಿ ಈಜಿಪ್ಟಿನ ಕಸದ ದಿಬ್ಬವೊಂದರವರೆಗೂ ಹರಿದ ಕಥೆ ಅಷ್ಟಾಗಿ ಪ್ರಚಾರದಲ್ಲಿಲ್ಲ.

ಆ ದೇಶದ ಆಕ್ಸಿರಿಂಕಸ್ ಎಂಬ ಹಾಳೂರಿನಲ್ಲಿ ಗ್ರೆನ್‌ಫೆಲ್ ಮತ್ತು ಹಂಟ್ ಎಂಬ ಆಂಗ್ಲ ವಿದ್ವಾಂಸರು 1896ರಿಂದ ಅಗೆಯತೊಡಗಿದರು. ಮರುವರ್ಷವೇ ಯೇಸುವಿನ ನುಡಿಗಳುಳ್ಳ ಗ್ರೀಕ್ ಹಾಳೆಯೊಂದು ದೊರೆಯಿತು. ಅದು ತೋಮನ ಸುವಾರ್ತೆಯ ತುಣುಕೆಂಬುದು, 1945ರಲ್ಲಿ ನಾಗ್ ಹಮ್ಮಾದಿಯಲ್ಲಿ ಆ ಗ್ರಂಥದ ಕಾಪ್ಟಿಕ್ ಪ್ರತಿ ಸಿಕ್ಕಿದ ಮೇಲೆ ಸ್ಪಷ್ಟವಾಯಿತು. ಅದೇ ಹಾಳೂರಿನಲ್ಲಿ ಪ್ರಹಸನವೊಂದೂ ಸಿಕ್ಕಿ, 1903ರಲ್ಲಿ 413ನೆಯ ಸಂಖ್ಯೆಯ ಪತ್ರವಾಗಿ ಪ್ರಕಟವಾಯಿತು. ಭಾರತದ ಕರಾವಳಿಯಲ್ಲಿ ಸೆರೆಸಿಕ್ಕ ಖಾರಿಟಿಯಾನ್ ಎಂಬ ಗ್ರೀಕ್ ತರುಣಿಯು, ಇಲ್ಲಿಯ ಅರಸನು ಮದ್ಯದಿಂದ ಮೈಮರೆತಿರಲು, ತನ್ನವರೊಡನೆ ಹಡಗನ್ನೇರಿ ಪಾರಾಗುವುದೇ ಅದರ ಕಥಾವಸ್ತು. ಅರಸನ ಕಡೆಯವರ ಮಾತುಗಳು ಮಾತ್ರ ಗ್ರೀಕರಿಗೆ ತಿಳಿಯದ ನುಡಿಯಲ್ಲಿವೆ. ಅದು ಕನ್ನಡವೆಂದು 1904ರಲ್ಲಿ ಹುಲ್ಷ್ ಪಂಡಿತರು ಸೂಚಿಸಿದರು. 1926ರ ಮೈಸೂರು ಪುರಾತತ್ತ್ವ ಇಲಾಖೆಯ ವರದಿಯಲ್ಲಿ ಶಾಸ್ತ್ರಿಗಳು ಆ ಪಕ್ಷವನ್ನೇ ಎತ್ತಿಹಿಡಿದರು. ಮಂಜೇಶ್ವರದ ಗೋವಿಂದ ಪೈಗಳೂ ಅದನ್ನು ವಿಚಾರಮಾಡಿದರು. ಬಾರ್ನೆಟ್ ಮಹಾಶಯರು ಒಪ್ಪಲಿಲ್ಲ. ವಿವಾದವು ಇಂದಿಗೂ ತೀರಿಲ್ಲ.

ಸುವಾರ್ತೆಯ ಹಾಳೆಯೂ ಕನ್ನಡವೆಂದು ಶಂಕಿಸಲ್ಪಟ್ಟ ನುಡಿಯೂ ಒಂದೇ ಮಣ್ಣಿನಲ್ಲಿ ಶತಮಾನಗಳ ಕಾಲ ಮಲಗಿದ್ದುವೆಂಬುದು ಸೋಜಿಗವಲ್ಲವೆ! ಎರಡನ್ನೂ ಮರಳಿ ಓದಿಸಿದುದು ಲಿಪಿಯನ್ನು ಅಕ್ಷರಕ್ಷರವಾಗಿ ಕೂಡಿಸಿಕೊಂಡು ಓದಿದವರ ಸಹನೆಯೇ.

ಎಲ್ಲರೂ ಗ್ರೀಕ್ ಕಲಿಯಬೇಕೆಂದು ನಾವು ಹೇಳುವುದಿಲ್ಲ. ಸಂಸಾರದ ಭಾರ ಹೊತ್ತವರಿಗೆ ಅಷ್ಟು ಬಿಡುವೆಲ್ಲಿ? ಭಾಷಾಂತರವಿಲ್ಲದಿದ್ದರೆ ಬಹುಮಂದಿಗೆ ಯಾವ ಧರ್ಮಗ್ರಂಥವೂ ದಕ್ಕದು. ಆದರೆ ಓದಿದ ಒಂದು ವಾಕ್ಯವನ್ನು ಹಿಡಿದು ಮತ್ತೊಬ್ಬರೊಡನೆ ವಾದಕ್ಕಿಳಿಯುವ ಮುನ್ನ, ಮೂಲದಲ್ಲಿ ಇನ್ನೊಂದರ್ಥವೂ ಇರಬಹುದೆಂದು ನೆನೆಯುವ ವಿನಯ ನಮಗಿರಲಿ. ಗೀತೆಯನ್ನಾಗಲಿ ಸುವಾರ್ತೆಯನ್ನಾಗಲಿ ಕನ್ನಡದಲ್ಲಿ ಓದುವ ಮನೆಗಳಿಗೆ ಈ ಎಚ್ಚರವು ಹಿತಕರವೆಂದು ನಮ್ಮ ನಂಬಿಕೆ.