ಆಟಕ್ಕೆ ಎಷ್ಟು ಅಧಿಕಾರ?

ಅಧಿಕಾರವೆಂದರೇನೆಂದು ಅಧಿಕಾರಿಗಳನ್ನು ಕೇಳಬಾರದು, ಗುಮಾಸ್ತರನ್ನು ಕೇಳಬೇಕು. ಅದು ಯಾರಲ್ಲಿದೆ, ಎಷ್ಟಿದೆ, ಯಾವ ಕಾಗದಕ್ಕೆ ಯಾರ ಸಹಿ ಸಾಕು, ಯಾವುದಕ್ಕೆ ಸಾಲದು ಎಂಬುದನ್ನೆಲ್ಲ ಚೆನ್ನಾಗಿ ಬಲ್ಲವರು ನಾವು. ಏಕೆಂದರೆ ನಮ್ಮಲ್ಲಿ ಅದು ಇಲ್ಲ. ಮುಂಬಯಿಯ ಕೇಂದ್ರ ಸರ್ಕಾರಿ ಕಚೇರಿಯೊಂದರಲ್ಲಿ ಇಪ್ಪತ್ತು ವರ್ಷ ಕಡತಗಳನ್ನು ಮೇಲಕ್ಕೂ ಕೆಳಕ್ಕೂ ಓಡಾಡಿಸಿದ ಮೇಲೆ ಒಂದು ಮಾತು ನಮಗೆ ಮನದಟ್ಟಾಗಿದೆ. ಅಧಿಕಾರ ಕಡಮೆಯಾದರೆ ಕೆಲಸ ನಿಧಾನವಾಗಿ ಕೆಡುತ್ತದೆ. ಹೆಚ್ಚಾದರೆ ಒಮ್ಮೆಗೇ ಕೆಡುತ್ತದೆ. ಈ ಜ್ಞಾನ ಮನೆಯಲ್ಲಿ, ಅದೂ ಮಗನ ಕಂಪ್ಯೂಟರ್ ಆಟದ ವಿಷಯದಲ್ಲಿ ಉಪಯೋಗಕ್ಕೆ ಬಂದೀತೆಂದು ಮಾತ್ರ ನಾವು ಎಣಿಸಿರಲಿಲ್ಲ.

ಆಂಟಾಪ್ ಹಿಲ್ಲಿನ ನಮ್ಮ ವಸತಿಗೃಹದಲ್ಲಿ ಇರುವುದು ಒಂದೇ ಕಂಪ್ಯೂಟರು. ಬ್ಯಾಂಕಿನ ವ್ಯವಹಾರ, ತೆರಿಗೆಯ ಲೆಕ್ಕ, ಮಗಳ ಕಾಲೇಜಿನ ಅರ್ಜಿಗಳು, ಸಾಗರದ ಕಡೆಯ ಊರಿನಲ್ಲಿರುವ ಅರ್ಧ ಎಕರೆ ತೋಟದ ಪಹಣಿಯ ಪ್ರತಿ ಎಲ್ಲವೂ ಅದರಲ್ಲೇ. ಇವುಗಳ ಜೊತೆಗೆ, ತೀರಿಕೊಂಡ ನಮ್ಮ ಅಮ್ಮ ಕೊನೆಯ ಬೇಸಗೆಯಲ್ಲಿ ಹಾಡಿಟ್ಟ ಇಪ್ಪತ್ತೇಳು ಹಸೆಯ ಹಾಡುಗಳೂ ಇವೆ. ಪಹಣಿ ಹೋದರೆ ತಾಲೂಕು ಕಚೇರಿಯಲ್ಲಿ ಇನ್ನೊಂದು ಪ್ರತಿ ಸಿಕ್ಕೀತು. ಹಾಡು ಹೋದರೆ ಯಾವ ಕಚೇರಿಗೆ ಅರ್ಜಿ ಹಾಕುವುದು? ಇಂಥ ಯಂತ್ರದಲ್ಲೇ ಒಂಬತ್ತನೆಯ ತರಗತಿಯ ನಮ್ಮ ಮಗ ಭಾನುವಾರ ಕಾರಿನ ಪಂದ್ಯವನ್ನೂ ಬಂದೂಕಿನ ಯುದ್ಧವನ್ನೂ ಆಡುತ್ತಾನೆ. ಆದುದರಿಂದ ಯಂತ್ರ ತಂದ ದಿನವೇ ಒಬ್ಬೊಬ್ಬರಿಗೆ ಒಂದೊಂದು ಖಾತೆ ಮಾಡಿದ್ದೆವು. ನಮ್ಮ ದಿನಬಳಕೆಯ ಖಾತೆಯೂ ಸೇರಿ ಎಲ್ಲವೂ ಸಾಮಾನ್ಯ ದರ್ಜೆಯವು. ಅಡ್ಮಿನಿಸ್ಟ್ರೇಟರ್ ಎಂಬ ಯಜಮಾನಿಕೆಯ ಖಾತೆ ಬೇರೆ. ಅದರ ಪಾಸ್‌ವರ್ಡ್ ನಮಗೂ ನಮ್ಮ ಮನೆಯವರಿಗೂ ಮಾತ್ರ ಗೊತ್ತು.

ಜಗಳ ಹುಟ್ಟಿದ್ದು ಅಲ್ಲಿ. ಕೆಲವು ಆಟಗಳು ಶುರುವಾಗುವ ಮುಂಚೆ ಪರದೆ ಮಂಕಾಗುತ್ತದೆ, ನಡುವೆ ಒಂದು ಚೌಕ ಎದ್ದು ನಿಲ್ಲುತ್ತದೆ: ಈ ಪ್ರೋಗ್ರಾಮ್ ನಿಮ್ಮ ಯಂತ್ರದಲ್ಲಿ ಬದಲಾವಣೆ ಮಾಡಬಹುದೇ? ಒಪ್ಪಿಗೆಯಿದ್ದರೆ ಯಜಮಾನರ ಪಾಸ್‌ವರ್ಡ್ ಹಾಕಿ.

“ಅಪ್ಪ, ಹಾಕಿಬಿಡಿ. ಎಲ್ಲರ ಮನೆಯಲ್ಲೂ ಯೆಸ್ ಒತ್ತಿಬಿಡ್ತಾರೆ” ಎಂದು ಮಗ. ನಾವು ಓದಿ ನೋಡುತ್ತ ತಡಮಾಡಿದರೆ, “ನಿಮಗೆ ನನ್ನ ಮೇಲೆ ನಂಬಿಕೆಯೇ ಇಲ್ಲ” ಎಂಬ ಮಾತು.

ಹದಿನಾಲ್ಕು ವರ್ಷದ ಹುಡುಗ ಹೀಗೆಂದಾಗ ಕಂಪ್ಯೂಟರಿನ ವಿಷಯ ಹಿಂದೆ ಸರಿದು ಬೇರೆಯದೇ ವಿಷಯ ಮುಂದೆ ಬರುತ್ತದೆ. ಅದಕ್ಕೆ ಉತ್ತರ ಹೇಳಬೇಕಾದರೆ ಈ ಚೌಕ ಏಕಿದೆ ಎಂಬುದನ್ನು ಮೊದಲು ಅವನಿಗೆ ಬಿಡಿಸಿ ಹೇಳಬೇಕಾಯಿತು.

ನಾವು ಬಿ.ಎಸ್ಸಿ. ಓದುವ ಕಾಲಕ್ಕೆ ಕಲಿತದ್ದು ವಿಂಡೋಸ್ 98ರ ಮೇಲೆ. ಆಗ ಈ ತಂಟೆ ಇರಲಿಲ್ಲ. ಯಂತ್ರದ ಮುಂದೆ ಕುಳಿತವರೆಲ್ಲರೂ ಯಜಮಾನರೇ, ಯಾವ ಪ್ರೋಗ್ರಾಮ್ ಬೇಕಾದರೂ ಯಾವ ಫೈಲನ್ನು ಬೇಕಾದರೂ ಅಳಿಸಬಹುದಿತ್ತು. 2001ರಲ್ಲಿ ಬಂದ ಎಕ್ಸ್‌ಪಿಯಲ್ಲಿ ದರ್ಜೆಗಳಿದ್ದುವು. ಆದರೂ ಮನೆಗಳಲ್ಲಿ ಎಲ್ಲರೂ ಯಜಮಾನರಾಗಿಯೇ ಉಳಿದರು. ಆಟ ಬರೆಯುವವರೂ ಹಾಗೆಯೇ ತಿಳಿದು, ಆಟಗಾರನ ಅಂಕಗಳನ್ನು ಪ್ರೋಗ್ರಾಮ್ ಫೈಲ್ಸ್ ಎಂಬ, ಪ್ರೋಗ್ರಾಮುಗಳು ನೆಲೆಸುವ ಫೋಲ್ಡರಿಗೇ ಬರೆದಿಡುತ್ತಿದ್ದರು. 2007ರ ಜನವರಿಯಲ್ಲಿ ಜನರ ಕೈಗೆ ಬಂದ ವಿಸ್ತಾದಲ್ಲಿ ಕಟ್ಟುನಿಟ್ಟು ಶುರುವಾಯಿತು. ಅಂದಿನಿಂದ ಯಜಮಾನನ ಖಾತೆಯಲ್ಲಿ ಕುಳಿತರೂ ಪ್ರೋಗ್ರಾಮುಗಳು ಸಾಮಾನ್ಯ ಹಕ್ಕಿನಲ್ಲೇ ಓಡುತ್ತವೆ. ಹೆಚ್ಚಿನ ಹಕ್ಕು ಬೇಕಾದರೆ ಆ ಚೌಕ ಬಂದು ಕೇಳಬೇಕು. ಪರದೆ ಮಂಕಾಗುವುದೂ ಅಲಂಕಾರಕ್ಕಲ್ಲ. ಬೇರೊಂದು ಪ್ರೋಗ್ರಾಮ್ ನಡುವೆ ನುಸುಳಿ ನಮ್ಮ ಪರವಾಗಿ ತಾನೇ ಯೆಸ್ ಒತ್ತಬಾರದೆಂದು ಆ ಚೌಕವನ್ನು ಪ್ರತ್ಯೇಕ ಕೋಣೆಯಲ್ಲಿಟ್ಟಂತೆ ಇಟ್ಟಿರುತ್ತಾರೆ.

ಜನಕ್ಕೆ ಇದು ಕಿರಿಕಿರಿಯಾಯಿತು. 2009ರ ವಿಂಡೋಸ್ 7ರಲ್ಲಿ, ಎಷ್ಟು ಸಲ ಕೇಳಬೇಕೆಂಬುದನ್ನು ನಾಲ್ಕು ಮೆಟ್ಟಿಲಲ್ಲಿ ಹೊಂದಿಸಿಕೊಳ್ಳುವ ಏರ್ಪಾಡು ಬಂದಿತು. ಅದನ್ನು ತಳಕ್ಕೆ ಎಳೆದುಬಿಡುವವರು ಇಂದಿಗೂ ಇದ್ದಾರೆ. ಫ್ಯೂಸು ಮತ್ತೆ ಮತ್ತೆ ಹೋಗುತ್ತದೆಂದು ದಪ್ಪ ತಂತಿ ಕಟ್ಟುವವರನ್ನು ನಮ್ಮ ವಠಾರಗಳಲ್ಲಿ ನಾವು ಕಂಡಿದ್ದೇವಷ್ಟೆ. ದೀಪವೇನೋ ಆರುವುದಿಲ್ಲ; ಸುಡುವುದು ಗೋಡೆಯೊಳಗಿನ ತಂತಿ.

ಮಗನಿಗೆ ಇದು ಉಪನ್ಯಾಸದಂತೆ ಕೇಳಿರಬೇಕು. ಅವನ ಮುಖ ಅರಳಿದ್ದು ಕಾರಿನ ಪಂದ್ಯದ ಕಗ್ಗಂಟು ಬಿಚ್ಚಿದಾಗ. ಸೋದರಮಾವ ಕೊಟ್ಟ ಹಳೆಯ ಆಟ ಅದು. ಒಂದು ಭಾನುವಾರ ಸ್ನೇಹಿತನ ಸಲಹೆಯಂತೆ ಬಲಗುಂಡಿ ಒತ್ತಿ, ‘ರನ್ ಆ್ಯಸ್ ಅಡ್ಮಿನಿಸ್ಟ್ರೇಟರ್’ ಆರಿಸಿ ಪರೀಕ್ಷೆ ಮಾಡಿದೆವು. ಆಟ ಓಡಿತು. ಆದರೆ ಅವನು ಒಂದು ತಿಂಗಳು ಗೆದ್ದು ಕೂಡಿಸಿದ ಕಾರುಗಳೆಲ್ಲ ಮಾಯ! ಮಾಮೂಲಿನಂತೆ ತೆರೆದರೆ ಮತ್ತೆ ಪ್ರತ್ಯಕ್ಷ.

ಮಾಟವೇನಲ್ಲ. ಹಳೆಯ ಆಟ ಪ್ರೋಗ್ರಾಮ್ ಫೈಲ್ಸಿಗೆ ಬರೆಯಲು ಹೋದಾಗ, ಹಕ್ಕಿಲ್ಲವೆಂದು ಗದರಿಸಿದರೆ ಆಟವೇ ನಿಂತೀತು. ಆದುದರಿಂದ ವಿಂಡೋಸ್ ಉಪಾಯವಾಗಿ, ಆ ಬರಹವನ್ನು ಆಟಗಾರನ ಸ್ವಂತ ಜಾಗದಲ್ಲಿರುವ ‘ವರ್ಚುಅಲ್‌ಸ್ಟೋರ್’ ಎಂಬ ಫೋಲ್ಡರಿಗೆ ತಿರುಗಿಸುತ್ತದೆ. ಆಟಕ್ಕೆ ಇದು ತಿಳಿಯುವುದೇ ಇಲ್ಲ. ಅದೇ ಆಟ ಯಜಮಾನನ ಹಕ್ಕಿನಲ್ಲಿ ಓಡಿದರೆ ಈ ಉಪಾಯ ಬೇಕಿಲ್ಲ. ಅದು ನೇರವಾಗಿ ಅಸಲು ಫೋಲ್ಡರಿಗೆ ಹೋಗಿ ನೋಡುತ್ತದೆ, ಅಲ್ಲಿ ಏನೂ ಇರುವುದಿಲ್ಲ. ಒಂದೇ ಕಡತಕ್ಕೆ ಎರಡು ವಿಭಾಗಗಳಲ್ಲಿ ಎರಡು ನಂಬರು ಬಿದ್ದರೆ ಆಗುವ ಗತಿಯೇ ಇದು. ಕಡತ ಕಳೆದಿಲ್ಲ, ಹುಡುಕುವ ಬೀರು ಬೇರೆ.

ಪರಿಹಾರಕ್ಕೆ ಯಜಮಾನಿಕೆ ಬೇಕಾಗಲೇ ಇಲ್ಲ. ಡಿ ಡ್ರೈವಿನಲ್ಲಿ ಆಟಗಳಿಗೆಂದೇ ಒಂದು ಫೋಲ್ಡರು ಮಾಡಿ, ಅಲ್ಲಿ ಬರೆಯುವ ಹಕ್ಕು ಮಗನ ಖಾತೆಗೆ ಇರುವಂತೆ ಮಾಡಿ, ಆಟವನ್ನು ಅದರೊಳಗೆ ಮತ್ತೆ ಇನ್‌ಸ್ಟಾಲ್ ಮಾಡಿದೆವು. ಇನ್‌ಸ್ಟಾಲ್ ಮಾಡುವಾಗ ಒಮ್ಮೆ ಪಾಸ್‌ವರ್ಡ್ ಹಾಕಿದ್ದಷ್ಟೆ. ಕಾರುಗಳ ಫೈಲನ್ನು ಹಳೆಯ ಜಾಗದಿಂದ ನಕಲು ಮಾಡಿದ್ದು ಮಗನೇ. ಆಟಕ್ಕೆ ಬೇಕಿದ್ದುದು ತನ್ನ ಲೆಕ್ಕ ಬರೆದುಕೊಳ್ಳಲು ಒಂದು ಮೂಲೆ. ಇಡೀ ಮನೆಯ ಬೀಗದ ಕೈಗೊಂಚಲಲ್ಲ.

ಗೊಂಚಲು ಕೊಟ್ಟರೆ ಏನಾಗುತ್ತದೆಂಬುದನ್ನೂ ನೋಡಿ. ಯಜಮಾನನ ಹಕ್ಕಿನಲ್ಲಿ ಓಡುವ ಪ್ರೋಗ್ರಾಮ್ ತಾನು ಎಬ್ಬಿಸುವ ಪ್ರೋಗ್ರಾಮುಗಳಿಗೂ ಸಾಮಾನ್ಯವಾಗಿ ಅದೇ ಹಕ್ಕು ಹಂಚುತ್ತದೆ. ಆಟಗಳನ್ನು ತೆರೆದು ಕೊಡುವ ದ್ವಾರಪಾಲಕ ಪ್ರೋಗ್ರಾಮಿಗೆ ಒಮ್ಮೆ ಯೆಸ್ ಎಂದರೆ ಅದರ ಹಿಂದೆ ಬರುವ ಪರಿವಾರಕ್ಕೆಲ್ಲ ಯೆಸ್ ಎಂದಂತೆ. ಸಾಲದುದಕ್ಕೆ, ಕೆಳದರ್ಜೆಯ ಪ್ರೋಗ್ರಾಮ್ ಮೇಲ್ದರ್ಜೆಯ ಕಿಟಕಿಗೆ ಒತ್ತುಗುಂಡಿಯ ಆಜ್ಞೆ ಕಳಿಸಬಾರದು, ಅಲ್ಲಿಯ ಒತ್ತನ್ನು ಕದ್ದು ಕೇಳಬಾರದು ಎಂಬ ನಿಯಮವೂ ವಿಸ್ತಾದಿಂದಲೇ ಇದೆ. ಹೀಗಾಗಿ ಆಟ ಯಜಮಾನಿಕೆಗೇರಿದರೆ, ಸ್ನೇಹಿತರ ಜೊತೆ ಮಾತಾಡುವ ಪ್ರೋಗ್ರಾಮಿನ ಗುಂಡಿ ಒತ್ತಿದರೂ ಮಾತು ಹೊರಡುವುದಿಲ್ಲ. ಆಗ ಅದಕ್ಕೂ ಬಡ್ತಿ ಕೊಡಿ ಎನ್ನುತ್ತಾರೆ. ಬಳಿಕ ಆಟವನ್ನು ಚಿತ್ರೀಕರಿಸುವ ಪ್ರೋಗ್ರಾಮಿಗೆ. ಬೆರಳು ಕೊಟ್ಟರೆ ಹಸ್ತ ನುಂಗುವ ಗಾದೆ ಎಷ್ಟು ಹಳೆಯದೋ, ಕಂಪ್ಯೂಟರಿಗೆ ಅಷ್ಟು ಚೆನ್ನಾಗಿ ಒಪ್ಪುತ್ತದೆ.

ಹಾಗಾದರೆ ಯಜಮಾನಿಕೆಯನ್ನು ನಿಜವಾಗಿ ಕೇಳುವ ಆಟಗಳೇ ಇಲ್ಲವೇ? ಇವೆ. ಮೋಸದ ಆಟ ತಡೆಯಲು ಕೆಲವು ಪಂದ್ಯಾಟಗಳು ಒಬ್ಬ ಕಾವಲುಗಾರನನ್ನು ಜೊತೆಗೆ ತರುತ್ತವೆ. 2020ರಲ್ಲಿ ಬಂದ ವ್ಯಾಲರಂಟ್ ಆಟದ ವ್ಯಾನ್‌ಗಾರ್ಡ್ ಅಂಥದು. ಯಂತ್ರ ಎದ್ದಾಗಲೇ ತಾನೂ ಎದ್ದು, ವಿಂಡೋಸಿನ ಗರ್ಭಗುಡಿಯಾದ ಕರ್ನಲ್‌ನಲ್ಲಿ ಕೂರುತ್ತದೆ. ಉದ್ದೇಶ ಒಳ್ಳೆಯದೇ. ಆದರೆ ಗರ್ಭಗುಡಿಗೆ ಬಿಟ್ಟವನು ಒಳ್ಳೆಯವನಾದರೆ ಸಾಲದು, ಎಡವದವನೂ ಆಗಿರಬೇಕು. 2022ರಲ್ಲಿ ಗೆನ್‌ಶಿನ್ ಇಂಪ್ಯಾಕ್ಟ್ ಎಂಬ ಆಟದ ಕಾವಲು ಡ್ರೈವರನ್ನೇ ದುಷ್ಟರು ಹೊತ್ತು ತಂದು, ಅದರ ಕೈಯಿಂದ ವೈರಸ್ ತಡೆಯುವ ಪ್ರೋಗ್ರಾಮನ್ನು ಕೊಲ್ಲಿಸಿ, ಫೈಲುಗಳಿಗೆ ಬೀಗ ಹಾಕಿ ಹಣ ಕೇಳುವ ದಂಧೆ ನಡೆಸಿದ್ದು ಬಯಲಾಯಿತು. ಡ್ರೈವರಿನ ಮೇಲಿದ್ದ ಮುದ್ರೆ ಅಸಲಿಯೇ. ಹಿಡಿದ ಕೈ ಬೇರೆ. ಕಚೇರಿಯ ರಬ್ಬರ್ ಮುದ್ರೆಯನ್ನು ಮೇಜಿನ ಮೇಲೆ ಬಿಟ್ಟು ಊಟಕ್ಕೆ ಹೋಗಬಾರದೆಂದು ನಮಗೆ ಹೇಳಿಕೊಡುವುದು ಇದಕ್ಕೇ.

ಎಡವಿದ್ದಕ್ಕೆ ಉದಾಹರಣೆ ಆಟದ ಲೋಕದ ಹೊರಗಿದೆ. 2024ರ ಜುಲೈ 19ರಂದು ಕ್ರೌಡ್‌ಸ್ಟ್ರೈಕ್ ಎಂಬ ರಕ್ಷಣಾ ಪ್ರೋಗ್ರಾಮಿಗೆ ಬಂದ ಒಂದು ದೋಷದ ತಿದ್ದುಪಡಿಯಿಂದ, ಮೈಕ್ರೋಸಾಫ್ಟಿನ ಅಂದಾಜಿನಂತೆ ಸುಮಾರು 85 ಲಕ್ಷ ವಿಂಡೋಸ್ ಯಂತ್ರಗಳು ನೀಲಿ ಪರದೆ ತೋರಿ ಮಲಗಿದವು. ಅಂದು ನಮ್ಮ ದೇಶದ ವಿಮಾನ ನಿಲ್ದಾಣಗಳಲ್ಲಿ ಬೋರ್ಡಿಂಗ್ ಪಾಸುಗಳನ್ನು ಕೈಯಿಂದ ಬರೆದುಕೊಟ್ಟರು. ಅದೂ ಕರ್ನಲ್‌ನಲ್ಲಿ ಕುಳಿತಿದ್ದ ಕಾವಲುಗಾರನೇ. ಆದುದರಿಂದ ಅಂಥ ಆಟ ನಮ್ಮ ಮನೆಯ ಒಂದೇ ಯಂತ್ರಕ್ಕೆ ಬೇಡವೆಂದು ತೀರ್ಮಾನಿಸಿದೆವು. ಆಟಕ್ಕೆಂದೇ ಬೇರೆ ಯಂತ್ರವಿರುವವರ ಮನೆಯ ಲೆಕ್ಕ ಬೇರೆ.

ನಿಜವಾದ ಪರೀಕ್ಷೆ ಬಂದದ್ದು ಕಳೆದ ದೀಪಾವಳಿ ರಜೆಯಲ್ಲಿ. ಸಹಪಾಠಿಯೊಬ್ಬ ಪೆನ್ ಡ್ರೈವಿನಲ್ಲಿ ಒಂದು ಪುಟ್ಟ ಪ್ರೋಗ್ರಾಮ್ ಕೊಟ್ಟಿದ್ದ. ಅದನ್ನು ಓಡಿಸಿದರೆ ಆಟದಲ್ಲಿ ಸಾವೇ ಇಲ್ಲ, ಹಣಕ್ಕೆ ಕೊನೆಯಿಲ್ಲ. ಷರತ್ತು ಎರಡು: ಯಜಮಾನಿಕೆ ಕೊಡಬೇಕು, ವೈರಸ್ ತಡೆಯುವ ಪ್ರೋಗ್ರಾಮನ್ನು ಸ್ವಲ್ಪ ಹೊತ್ತು ನಿಲ್ಲಿಸಬೇಕು. ಚೌಕ ಹಳದಿ ಬಣ್ಣದ್ದು. ಪ್ರಕಾಶಕರು ಯಾರೆಂಬಲ್ಲಿ ‘ಅಜ್ಞಾತ’ ಎಂದಿತ್ತು. ಹೆಸರು ಪರೀಕ್ಷಿಸಿದ ಪ್ರಕಾಶಕರದಾದರೆ ಚೌಕ ನೀಲಿಯಿರುತ್ತದೆ. ಹೆಸರು ಗೊತ್ತಾದ ಮಾತ್ರಕ್ಕೆ ಸಜ್ಜನನೆಂದಲ್ಲ. ಹೆಸರೇ ಹೇಳದವನು ಕಾವಲು ನಾಯಿಯನ್ನೂ ಕಟ್ಟಿಹಾಕಿ ಎಂದರೆ ಮಾತ್ರ ಯೋಚಿಸಲು ಉಳಿಯುವುದೇನು?

ಬೇಡವೆಂದೆವು. ಹುಡುಗ ಎರಡು ದಿನ ಮಾತು ಬಿಟ್ಟ. ಮೂರನೆಯ ದಿನ ನಮ್ಮ ಮನೆಯವರು ಅವನನ್ನು ಕೂರಿಸಿಕೊಂಡು ಹೇಳಿದ ಮಾತು ನಮಗಿಂತ ಚೆನ್ನಾಗಿತ್ತು: “ನಂಬಿಕೆ ಇರೋದು ನಿನ್ನ ಮೇಲೆ ಕಣೋ. ಆದರೆ ಪಾಸ್‌ವರ್ಡ್ ಹಾಕಿದ ಮೇಲೆ ಕೆಲಸ ಮಾಡೋದು ನೀನಲ್ಲ, ಅದು. ಅದು ಯಾರ ಮಗನೋ ನಮಗೆ ಗೊತ್ತೇ?” ಆಮೇಲೆ ಅವನಿಗೆ ಅಜ್ಜಿಯ ಹಾಡುಗಳಿರುವ ಫೋಲ್ಡರು ತೆರೆದು ತೋರಿಸಿದರು. ಬೇರೆ ಏನೂ ಹೇಳಲಿಲ್ಲ.

ಇಲ್ಲಿ ಒಂದು ಮಾತು ಓದುಗ ಬಂಧುಗಳಿಗೆ ಸ್ಪಷ್ಟವಾಗಿರಲಿ. ಯಜಮಾನಿಕೆ ಕೊಡದಿದ್ದರೆ ಎಲ್ಲವೂ ಕ್ಷೇಮವೆಂದಲ್ಲ. ಸಾಮಾನ್ಯ ಹಕ್ಕಿನಲ್ಲಿ ಓಡುವ ಕೆಟ್ಟ ಪ್ರೋಗ್ರಾಮ್ ಕೂಡ ಆ ಖಾತೆಯವರು ಮುಟ್ಟಬಲ್ಲ ಫೈಲುಗಳನ್ನೆಲ್ಲ ಓದಬಹುದು, ಕೆಡಿಸಬಹುದು. ಮಕ್ಕಳ ಖಾತೆ ಬೇರೆ, ನಮ್ಮದು ಬೇರೆ ಇರಬೇಕೆನ್ನುವುದು ಇದಕ್ಕಾಗಿ; ಒಬ್ಬರ ಖಾತೆಯಲ್ಲಿ ಓಡುವ ಸಾಮಾನ್ಯ ಪ್ರೋಗ್ರಾಮಿಗೆ ಇನ್ನೊಬ್ಬರ ಖಾಸಗಿ ಫೋಲ್ಡರಿನ ಬಾಗಿಲು ತೆರೆಯುವುದಿಲ್ಲ. ಎಲ್ಲಕ್ಕೂ ಮಿಗಿಲಾಗಿ, ಕಳೆದರೆ ಮತ್ತೆ ಬಾರದಂಥವನ್ನು ಬೇರೆ ಡಿಸ್ಕಿಗೆ ನಕಲು ಮಾಡಿ, ಡಿಸ್ಕನ್ನು ಯಂತ್ರದಿಂದ ಕಳಚಿ ಬೀರುವಿನಲ್ಲಿಡಬೇಕು. ಅಮ್ಮನ ಹಾಡುಗಳು ಈಗ ಅವಳ ಇಳಕಲ್ ಸೀರೆಯ ಪಕ್ಕದಲ್ಲಿವೆ.

ಯಾರಿಗೇ ಆಗಲಿ, ಕೆಲಸಕ್ಕೆ ಬೇಕಾದಷ್ಟೇ ಅಧಿಕಾರ ಕೊಡಬೇಕೆಂಬ ಸೂತ್ರವನ್ನು ಸಾಲ್ಟ್‌ಝರ್ ಮತ್ತು ಶ್ರೋಡರ್ ಎಂಬ ಇಬ್ಬರು ವಿದ್ವಾಂಸರು 1975ರಲ್ಲೇ ಕಂಪ್ಯೂಟರಿನ ರಕ್ಷಣೆಯ ಕುರಿತ ಪ್ರಬಂಧದಲ್ಲಿ ಬರೆದಿಟ್ಟಿದ್ದಾರೆ. ನಮ್ಮ ಕಚೇರಿಯ ಯಂತ್ರದಲ್ಲಿ ನಮಗೇ ಒಂದು ಹೊಸ ಪ್ರೋಗ್ರಾಮ್ ಹಾಕುವ ಹಕ್ಕಿಲ್ಲ. ಅದರಿಂದ ನಮ್ಮ ಮಾನವೇನೂ ಕಡಮೆಯಾಗಿಲ್ಲ. ಇದನ್ನು ಕೇಳಿ ಮಗ ಮೊದಲ ಬಾರಿ ನಕ್ಕ.

ಆ ನಗುವಿನಿಂದ ನಮ್ಮ ಮನೆಯಲ್ಲಿ ಒಂದು ರಿಜಿಸ್ಟರು ಹುಟ್ಟಿತು. ಇನ್ನೂರು ಪುಟದ ನೋಟ್‌ಬುಕ್ಕು, ಐದು ಅಂಕಣ: ಆಟದ ಹೆಸರು, ಪ್ರಕಾಶಕರು, ಯಜಮಾನಿಕೆ ಏತಕ್ಕೆ, ಒಮ್ಮೆಗೋ ಸದಾಕಾಲಕ್ಕೋ, ಮಂಜೂರಾತಿ. ನಿಯಮ ಒಂದೇ, ಅರ್ಜಿ ಕನ್ನಡದಲ್ಲಿರಬೇಕು. ಶಾಲೆಯಲ್ಲಿ ಇಂಗ್ಲಿಷು, ಬೀದಿಯಲ್ಲಿ ಹಿಂದಿ ಮರಾಠಿ ಆಡುವ ಹುಡುಗ ಮೊದಲ ಅರ್ಜಿಯಲ್ಲಿ ‘ಪ್ರಕಾಶಕರು’ ಎಂಬುದನ್ನು ಬರೆಯಲು ಮೂರು ಸಲ ಅಳಿಸಿದ. ಸಂಘದ ಕನ್ನಡ ತರಗತಿಗೆ ಕಳಿಸಿದಾಗ ಮೂಡದ ಶ್ರದ್ಧೆ, ಕಾರಿನ ಪಂದ್ಯದ ದೆಸೆಯಿಂದ ಮೂಡಿತು. ಅಕ್ಕನೇ ಅವನ ಕಾಗುಣಿತದ ಪರಿಶೀಲಕಿ.

ಈವರೆಗೆ ಹನ್ನೊಂದು ಅರ್ಜಿಗಳಾಗಿವೆ. ನಾಲ್ಕಕ್ಕೆ ಇನ್‌ಸ್ಟಾಲ್ ಮಟ್ಟಿಗೆ ಒಂದಾವರ್ತಿ ಮಂಜೂರಾತಿ, ಐದಕ್ಕೆ ಯಜಮಾನಿಕೆಯೇ ಬೇಕಾಗಲಿಲ್ಲ, ಒಂದು ತಿರಸ್ಕೃತ. ಹನ್ನೊಂದನೆಯದು ಹೋದ ವಾರದ್ದು. ಎರಡನೆಯ ಅಂಕಣದಲ್ಲಿ ‘ಗೊತ್ತಿಲ್ಲ’ ಎಂದು ಬರೆದು, ನಮ್ಮ ಹತ್ತಿರ ತರುವ ಮುಂಚೆಯೇ ಇಡೀ ಸಾಲಿಗೆ ತಾನೇ ಅಡ್ಡಗೆರೆ ಎಳೆದಿದ್ದಾನೆ. ಹತ್ತನೆಯ ತರಗತಿ ಮುಗಿದ ಮೇಲೆ ಪಾಸ್‌ವರ್ಡನ್ನು ಅವನ ಕೈಗೇ ಕೊಡುವುದೆಂದು ನಾವಿಬ್ಬರೂ ನಿಶ್ಚಯಿಸಿದ್ದೇವೆ.