ನಗಿಸಿದವರ ಇನ್ನೊಂದು ಕೆಲಸ

‘ಶಿವರಾಂ’ ಅಂದರೆ ನನ್ನ ಆಫೀಸಿನ ಗೆಳೆಯರಿಗೆ ಯಾರು ಅಂತ ಗೊತ್ತಾಗಲ್ಲ. ಫೋನಿನಲ್ಲಿ ಫೋಟೊ ತೋರಿಸಿದರೆ, “ಅಯ್ಯೋ ಇವರಾ! ಎಲ್ಲ ಹಳೇ ಪಿಕ್ಚರ್‌ನಲ್ಲೂ ಇರ್ತಾರಲ್ಲ” ಅಂತಾರೆ. ‘ಶರಪಂಜರ’ದ ಅಡುಗೆ ಭಟ್ಟ. ‘ನಾಗರಹಾವು’, ‘ಶುಭಮಂಗಳ’, ‘ಹಾಲು ಜೇನು’ಗಳಲ್ಲೂ ಕಾಣುವ ಮುಖ. ಆದರೆ ಆ ಮುಖದ ಹಿಂದೆ ಇನ್ನೊಂದು ದೊಡ್ಡ ಕೆಲಸ ನಡೀತಿತ್ತು.

1938ರಲ್ಲಿ ಹುಟ್ಟಿದ ಶಿವರಾಂ ಚಿತ್ರರಂಗಕ್ಕೆ ಬಂದದ್ದು ನಟರಾಗಿ ಅಲ್ಲ. ಕು.ರಾ. ಸೀತಾರಾಮ ಶಾಸ್ತ್ರಿಗಳ ಕೈಕೆಳಗೆ ಸಹಾಯಕ ನಿರ್ದೇಶಕರಾಗಿ. ಕ್ಯಾಮೆರಾಮನ್‌ಗೂ ಸಹಾಯಕರಾಗಿ ದುಡಿದರು. 1965ರ ‘ಬೆರೆತ ಜೀವ’ದಿಂದ ತೆರೆಯ ಮೇಲೆ ಬಂದರು. ಆಮೇಲೂ ಹಿಂದಿನ ಕೆಲಸ ಬಿಡಲಿಲ್ಲ, ಪುಟ್ಟಣ್ಣ ಕಣಗಾಲರಂಥವರ ಜೊತೆ ಸಹಾಯಕರಾಗಿ ನಿಂತರು. ಸೋದರ ರಾಮನಾಥನ್ ಜೊತೆ ಸೇರಿ ‘ರಾಶಿ ಬ್ರದರ್ಸ್’ ಕಟ್ಟಿದರು. ‘ಗೆಜ್ಜೆಪೂಜೆ’, ‘ಉಪಾಸನೆ’, ‘ನಾನೊಬ್ಬ ಕಳ್ಳ’ದಂಥ ಚಿತ್ರಗಳ ನಿರ್ಮಾಣದ ಹಿಂದೆ ಇದ್ದವರು ಈ ಅಣ್ಣತಮ್ಮಂದಿರು. 1972ರಲ್ಲಿ ರಾಜ್‌ಕುಮಾರ್ ಅಭಿನಯದ ‘ಹೃದಯ ಸಂಗಮ’ ನಿರ್ದೇಶಿಸಿದರು. 1991ರಲ್ಲಿ ರಜನಿಕಾಂತ್ ನಟಿಸಿದ ತಮಿಳಿನ ‘ಧರ್ಮದುರೈ’ಯೂ ಇವರ ನಿರ್ಮಾಣವೇ.

ನಮ್ಮ ರಾಯಚೂರು ಕಡೆ ರಾಶಿ ಅಂದರೆ ಸುಗ್ಗಿಯ ರಾಶಿ. ಕಣದಲ್ಲಿ ಕಾಳಿನ ಗುಡ್ಡ ನೋಡಿ ಎಲ್ಲರೂ ಖುಷಿಪಡ್ತಾರೆ. ಅದಕ್ಕೂ ಮುಂಚೆ ಆಳು ಹುಡುಕಿದ್ದು, ಬಾಡಿಗೆ ಮಾತಾಡಿದ್ದು, ಬುತ್ತಿ ಕಳಿಸಿದ್ದು ಯಾರೂ ಎಣಿಸಲ್ಲ.

ಸಿನಿಮಾದಲ್ಲೂ ಅಷ್ಟೇ. ಟೈಟಲ್ ಕಾರ್ಡಿನಲ್ಲಿ ‘ನಿರ್ಮಾಣ ನಿರ್ವಹಣೆ’ ಅಂತ ಒಂದು ಸಾಲು ಬಂದು ಹೋಗುತ್ತದೆ. ನಟರ ಕಾಲ್‌ಶೀಟ್ ಹೊಂದಿಸೋದು, ಗಾಡಿ ಕಳಿಸೋದು, ಶೂಟಿಂಗ್‌ಗೆ ಅನುಮತಿ ತರೋದು, ನೂರು ಜನಕ್ಕೆ ಹೊತ್ತಿಗೆ ಸರಿಯಾಗಿ ಊಟ, ಸಂಜೆ ಬಟವಾಡೆ. ಎಲ್ಲ ಸರಿ ಹೋದರೆ ಪ್ರೇಕ್ಷಕನಿಗೆ ಏನೂ ಕಾಣಲ್ಲ. ಒಂದು ತಪ್ಪಿದರೆ ಆ ದಿನದ ಶೂಟಿಂಗೇ ನಿಂತುಹೋಗುತ್ತದೆ.

ಇದು ನನಗೆ ಅರ್ಥವಾಗಿದ್ದು ನಮ್ಮೂರು ಹಿರೇಕೊಟ್ನೆಕಲ್ಲಿನ ಜಾತ್ರೆ ನಾಟಕಗಳಿಂದ. ನಮ್ಮ ಕಾಕಾಗೆ ಪ್ರತಿ ನಾಟಕದಲ್ಲೂ ಒಂದು ಸಣ್ಣ ಪಾರ್ಟು. ಕುಡುಕ, ಇಲ್ಲವೇ ಮನೆ ಆಳು. ಬಂದ, ನಗಿಸಿದ, ಹೋದ. ಆದರೆ ಪರದೆ ಸೀನರಿ ಬಾಡಿಗೆಗೆ ತರುವವನೂ ಅವನೇ, ಹೊರಗಿಂದ ಕಲಾವಿದೆಯರನ್ನು ಕರೆಸಿ ಬೆಳಿಗ್ಗೆ ಬಸ್ ಹತ್ತಿಸುವವನೂ ಅವನೇ. ಬಣ್ಣ ಹಚ್ಚಿಕೊಂಡೇ ಹುಡುಗರಿಗೆ ಕೂಗ್ತಿದ್ದ: “ಏ, ಲೈಟಿನವ್ರು ಉಂಡ್ರೇನು? ಮೊದ್ಲ ಅವ್ರನ್ನ ಉಣ್ಣಾಕ ಕಳಸ್ರಿ.” ಮೈಕಿನಲ್ಲಿ ಆಯೇರಿ ಕೂಗುವಾಗ ಹೀರೊಗೆ ಐನೂರು, ಹೀರೋಯಿನ್‌ಗೆ ಸಾವಿರ. ಕಾಕಾನ ಹೆಸರು ಕೇಳಿದ ನೆನಪು ನನಗಿಲ್ಲ. ಕೇಳಿದರೆ, “ನಾಟಕ ನಿಲ್ಲಲಿಲ್ಲಲ್ಲಪ, ಸಾಕು” ಅಂತಿದ್ದ.

ಸಾಕು ಅನ್ನೋದು ದೊಡ್ಡ ಮಾತು. ಎಲ್ಲರಿಗೂ ಸಾಕಾಗಲ್ಲ. ನಮ್ಮ ಟೀಮಿನಲ್ಲಿ ರಾತ್ರಿ ರಿಲೀಸ್‌ಗಳನ್ನು ಸುಸೂತ್ರವಾಗಿ ದಾಟಿಸುತ್ತಿದ್ದ ಒಬ್ಬಾಕೆ ಇದ್ದಳು. ಏನೂ ಕೆಡದ ರಾತ್ರಿಗಳನ್ನು ಅಪ್ರೈಸಲ್‌ನಲ್ಲಿ ಬರೆಯೋದು ಹೇಗೆ? ಎರಡು ವರ್ಷ ಪ್ರಮೋಷನ್ ಬರಲಿಲ್ಲ, ಬಿಟ್ಟು ಹೋದಳು. ಈಗ ಅದೇ ಜಾಗಕ್ಕೆ ನನ್ನನ್ನು ಕೇಳುತ್ತಿದ್ದಾರೆ: ಕೋಡ್ ಬರೀತಾ ಇರ್ತೀಯೋ, ಡೆಲಿವರಿ ನೋಡ್ಕೋತೀಯೋ? ತಿಂಗಳ ಕೊನೆಗೆ ಉತ್ತರ ಕೊಡಬೇಕು.

ಅದಕ್ಕೇ ಶಿವರಾಂ ಇಷ್ಟು ಕಾಡ್ತಿದ್ದಾರೆ. 2021ರ ಡಿಸೆಂಬರ್ 4ರಂದು ತೀರಿಕೊಳ್ಳುವವರೆಗೆ ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಚಿತ್ರರಂಗದಲ್ಲಿದ್ದರು. ಹೀರೊಗಳ ಕಾಲ ಬದಲಾಯಿತು, ಕಪ್ಪುಬಿಳುಪು ಹೋಗಿ ಬಣ್ಣ ಬಂತು. ಅವರು ಉಳಿದರು. ಸಣ್ಣ ಪಾತ್ರಕ್ಕೆ ನಾಚಲಿಲ್ಲ, ದೊಡ್ಡ ಜವಾಬ್ದಾರಿಗೆ ಹೆದರಲಿಲ್ಲ. ಮುಖ್ಯವಾಗಿ, ಒಂದಕ್ಕಾಗಿ ಇನ್ನೊಂದನ್ನು ಬಿಡಲಿಲ್ಲ. ತಮ್ಮ ಬ್ಯಾನರ್‌ನಲ್ಲಿ ತಮ್ಮ ಹೆಸರನ್ನೂ ಸೇರಿಸಿಕೊಂಡಿದ್ದರು ನೋಡಿ: ರಾಮನಾಥನ್‌ರ ‘ರಾ’, ಶಿವರಾಂರ ‘ಶಿ’.

ನಾನು ಒಪ್ಪಿಕೊಳ್ಳೋಣ ಅಂದ್ಕೊಂಡಿದ್ದೀನಿ, ಎರಡು ಷರತ್ತಿನ ಮೇಲೆ. ವಾರಕ್ಕೆ ಎರಡು ದಿನ ಕೋಡ್ ಬರೆಯೋಕೆ ಬಿಡಬೇಕು. ಮತ್ತೆ ಪ್ರತಿ ರಿಲೀಸ್ ಮೇಲ್‌ನಲ್ಲಿ ರಾತ್ರಿ ಕೂತವರ ಹೆಸರು ಇರಬೇಕು, ಒಬ್ಬೊಬ್ಬರದೂ.