ಅಹಮದನಗರದ ಕೋಟೆಯಲ್ಲಿ ಒಂದು ಹಗಲು

ಶ್ಯಾಮ್ ಬೆನಗಲ್ ಅವರು 2024ರ ಡಿಸೆಂಬರ್ 23ರಂದು ತೀರಿಕೊಂಡ ಮೇಲೆ ನಮ್ಮ ಮನೆಯಲ್ಲಿ ‘ಭಾರತ್ ಏಕ್ ಖೋಜ್’ ಮತ್ತೊಮ್ಮೆ ನೋಡಿದ್ದಾಯಿತು. 1988ರಲ್ಲಿ ದೂರದರ್ಶನದಲ್ಲಿ ಮೊದಲಾದ 53 ಕಂತುಗಳ ಮಾಲೆ ಅದು. ನೆಹರೂ ಅವರ ‘ಡಿಸ್ಕವರಿ ಆಫ್ ಇಂಡಿಯಾ’ ಅದಕ್ಕೆ ಆಧಾರ. “ಆ ಪುಸ್ತಕ ಬರೆದ ಜೈಲು ಎಲ್ಲಿದೆ?” ಎಂದು ಕಿರಿಯವಳು ಕೇಳಿದಳು. ಪುಣೆಯಿಂದ ಬರೀ 120 ಕಿಲೋಮೀಟರು! ಇಷ್ಟು ವರ್ಷ ಇಲ್ಲಿದ್ದೂ ನಾವು ಹೋಗಿರಲಿಲ್ಲ. ಒಂದು ರಜದ ದಿನ ಬುತ್ತಿ ಕಟ್ಟಿಕೊಂಡು, ಅಜ್ಜಿಯನ್ನೂ ಕೂಡಿಸಿಕೊಂಡು ಹೊರಟೇಬಿಟ್ಟೆವು.

ಅಜ್ಜಿ ವಿಜಾಪುರದವರು. ಮದುವೆಯಾಗಿ ಪುಣೆಗೆ ಬಂದು ಅರ್ಧ ಶತಮಾನ ಕಳೆದಿದೆ. ಮೊಮ್ಮಕ್ಕಳು ಮರಾಠಿಯಲ್ಲೇ ಉತ್ತರ ಕೊಡತೊಡಗಿದ ಮೇಲೆ ಅವರು ಊರಿನ ಕಥೆ ಹೇಳುವುದನ್ನು ತಾವಾಗಿಯೇ ನಿಲ್ಲಿಸಿಬಿಟ್ಟಿದ್ದರು. ಕೂತು ಕೇಳುವಷ್ಟು ಬಿಡುವು ನಮಗೂ ಇರಲಿಲ್ಲವೆನ್ನಿ.

ದಾರಿಯುದ್ದಕ್ಕೂ ಬೆನಗಲ್‌ರದೇ ಮಾತು. ಕರ್ನಾಟಕ ಮೂಲದ ಕೊಂಕಣಿ ಮನೆತನ. ಹುಟ್ಟಿದ್ದು 1934ರಲ್ಲಿ, ಹೈದರಾಬಾದಿನ ತಿರುಮಲಗಿರಿಯಲ್ಲಿ. ತಂದೆ ಛಾಯಾಗ್ರಾಹಕರು. ಅವರ ಕ್ಯಾಮರಾದಿಂದಲೇ ಹನ್ನೆರಡನೆಯ ವಯಸ್ಸಿನಲ್ಲಿ ಹುಡುಗನ ಮೊದಲ ಚಿತ್ರ. ಮುಂದೆ ಮುಂಬಯಿಯಲ್ಲಿ ಜಾಹೀರಾತಿನ ಕೆಲಸ. 1962ರಲ್ಲಿ ಗುಜರಾತಿಯಲ್ಲಿ ಮೊದಲ ಸಾಕ್ಷ್ಯಚಿತ್ರ ‘ಘೇರ್ ಬೇಠಾ ಗಂಗಾ’—ಕೂತಲ್ಲಿಗೇ ಗಂಗೆ ಬಂದಂತೆ ಎಂಬ ಅರ್ಥದ ಹೆಸರು. ನೆಹರೂ, ಸತ್ಯಜಿತ್ ರೇ ಇವರನ್ನು ಕುರಿತೂ ಸಾಕ್ಷ್ಯಚಿತ್ರ ಮಾಡಿದರು. ಆ ಅನುಭವವೆಲ್ಲ ‘ಖೋಜ್’ನಲ್ಲಿ ಒದಗಿ ಬಂತು. ಅದರಲ್ಲಿ ವಿಜಯನಗರಕ್ಕೂ ಎಡೆಯಿತ್ತು. ಕ್ಯಾಮರಾ ಹಿಡಿದವರಲ್ಲಿ ನಮ್ಮ ಮೈಸೂರಿನ ವಿ. ಕೆ. ಮೂರ್ತಿಯವರೂ ಇದ್ದರು.

ಕೋಟೆ ಈಗ ಸೈನ್ಯದ ವಶದಲ್ಲಿದೆ. ಬಾಗಿಲಲ್ಲಿ ಗುರುತಿನ ಚೀಟಿ ತೋರಿಸಿ ಒಳಹೊಕ್ಕೆವು. ಸುತ್ತ ಕಂದಕ, ಮೇಲೆ ದಪ್ಪ ಕಲ್ಲಿನ ಗೋಡೆ. 1942ರ ಆಗಸ್ಟ್‌ನಿಂದ 1945ರ ಮಾರ್ಚ್‌ವರೆಗೆ ನೆಹರೂ ಇಲ್ಲಿ ಬಂದಿ. ಪಟೇಲ್, ಮೌಲಾನಾ ಆಜಾದ್ ಮೊದಲಾದವರು ಜೊತೆಯವರು. 1944ರ ಏಪ್ರಿಲ್‌ನಿಂದ ಸೆಪ್ಟೆಂಬರ್‌ವರೆಗಿನ ಐದೇ ತಿಂಗಳಲ್ಲಿ ಅಷ್ಟು ದೊಡ್ಡ ಗ್ರಂಥ! ಹೊರಗೆ ಹೆಜ್ಜೆಯಿಡಲಾಗದ ಮನುಷ್ಯನ ಬಳಿಗೆ ದೇಶವೇ ನಡೆದು ಬಂದಂತಲ್ಲವೇ? ಅವರ ಕೊಠಡಿಯ ಮುಂದೆ ಹುಡುಗರೂ ಗದ್ದಲ ಮಾಡದೆ ನಿಂತರು.

ಹೊರಬಂದು ಗೋಡೆಯ ನೆರಳಲ್ಲಿ ಬುತ್ತಿ ಬಿಚ್ಚಿದೆವು. ಅಕ್ಬರನ ಸೈನ್ಯ 1595ರಲ್ಲಿ ಮುತ್ತಿದಾಗ ಈ ಕೋಟೆಯನ್ನು ಕಾಯ್ದವಳು ಚಾಂದಬೀಬಿ ಎಂದು ಹಿರಿಯ ಹುಡುಗ ಶಾಲೆಯ ಪಾಠ ಒಪ್ಪಿಸಿದ. ರೊಟ್ಟಿ ಮುರಿಯುತ್ತಿದ್ದ ಅಜ್ಜಿ ತಲೆಯೆತ್ತಿದರು.

“ಆಕಿ ನಮ್ಮೂರ ಸೊಸಿ!”

ಮಕ್ಕಳು ನಕ್ಕರು. ಆದರೆ ಮಾತು ನಿಜ. ಅಹಮದನಗರದ ಮಗಳು ಚಾಂದಬೀಬಿ ವಿಜಾಪುರದ ಅಲಿ ಆದಿಲಶಾಹನ ಕೈಹಿಡಿದವಳು. 1580ರಲ್ಲಿ ಗಂಡ ಸತ್ತ ಬಳಿಕ ಬಾಲಕ ಇಬ್ರಾಹಿಮನ ಪರವಾಗಿ ವಿಜಾಪುರದ ಆಡಳಿತ ನೋಡಿದಳು. ಆಮೇಲೆ ತವರನ್ನು ಕಾಯಲು ಇಲ್ಲಿ ನಿಂತಳು.

“ಹಂಗಾದ್ರ ಆಕಿದು ಯಾವೂರು, ಅಜ್ಜಿ?” ಕಿರಿಯವಳು ಕೇಳಿದಳು. ಅಜ್ಜಿಯ ಮಾತಿನಲ್ಲೇ ಕೇಳಿದ್ದಳು!

“ಎರಡೂ ಆಕೀದ,” ಅಂದರು ಅಜ್ಜಿ.

ಹಿಂದಿರುಗುವಾಗ ಗೋಳಗುಮ್ಮಟದಲ್ಲಿ ಕೂಗಿದರೆ ದನಿ ಹೇಗೆ ಮರುಗುಡುತ್ತದೆಂದು ಅಜ್ಜಿಯೇ ಕೂಗಿ ತೋರಿಸಿದರು. ಶಿರೂರು ದಾಟಿದರೂ ಮಕ್ಕಳು ಬಿಡಲಿಲ್ಲ. ಮುಂದಿನ ರಜೆಗೆ ವಿಜಾಪುರವೆಂದು ತೀರ್ಮಾನವಾಗಿದೆ.